ಲಾಗ ಹಾಕಿದ ಹುಡುಗಿ: ಎಲೆನಾ ಮುಖಿನಾ

ಪ್ರತಿ ಸಂಚಿಕೆಗೂ ಈ ಅಂಕಣದಲ್ಲಿ ಯಾರ ಬಗ್ಗೆ ಬರೆಯೋದು ಅಂತ ನಮ್ಮ ಸಂಘದ ಕೋಣೆಯಲ್ಲಿ ಒಂದು ಸಣ್ಣ ಜಗಳ ಆಗೇ ಆಗುತ್ತೆ. ವಿಶ್ವೇಶ್ವರಯ್ಯನವರ ಬಗ್ಗೆ ಬರೆದಾಯಿತು, ರಾಮನ್ ಬಗ್ಗೆ ಬರೆದಾಯಿತು, ಟೆಸ್ಲಾ ಬಗ್ಗೆಯಂತೂ ಪ್ರತಿ ವರ್ಷ ಯಾರಾದರೂ ಒಬ್ಬರು ಬರೆದು ಕಳಿಸುತ್ತಾರೆ. ಈ ಸಲದ ಜಗಳ ಬಗೆಹರಿದದ್ದು ಮೆಕ್ಯಾನಿಕ್ಸ್ ಪುಸ್ತಕದಿಂದ. ಕೋನೀಯ ಸಂವೇಗದ ಪಾಠ ಬಂದರೆ ಎಲ್ಲ ಪುಸ್ತಕದಲ್ಲೂ ಒಂದೇ ಚಿತ್ರ ಇರುತ್ತದಲ್ಲ, ಐಸ್ ಮೇಲೆ ತಿರುಗುವ ಹುಡುಗಿ ಕೈ ಮಡಚಿಕೊಂಡರೆ ಜೋರಾಗಿ ತಿರುಗುತ್ತಾಳೆ, ಚಾಚಿದರೆ ನಿಧಾನವಾಗುತ್ತಾಳೆ ಅಂತ. ಐದು ಮಾರ್ಕಿನ ಪ್ರಶ್ನೆ. ಅದನ್ನು ಓದಿಕೊಂಡು ಕೂತಿದ್ದಾಗ ನಮ್ಮಲ್ಲೊಬ್ಬರು ಕೇಳಿದರು: ಆ ಹುಡುಗಿ ಐಸ್ ಮೇಲೆ ಅಲ್ಲದೆ ಗಾಳಿಯಲ್ಲಿ ತಿರುಗುತ್ತಿದ್ದು, ಲೆಕ್ಕ ಸ್ವಲ್ಪ ತಪ್ಪಿದರೆ ಏನಾಗುತ್ತೆ? ಆ ಪ್ರಶ್ನೆಯ ಬೆನ್ನು ಹತ್ತಿ ಹೋದಾಗ ಸಿಕ್ಕ ಹೆಸರು ಎಲೆನಾ ಮುಖಿನಾ. 1978ರ ವಿಶ್ವ ಚಾಂಪಿಯನ್. ಜಿಮ್ನಾಸ್ಟಿಕ್ಸ್ ಬಲ್ಲವರಿಗೆಲ್ಲ ಗೊತ್ತಿರುವ ಹೆಸರು, ನಮಗೆ ಮಾತ್ರ ಹೊಸದು.

ಎಲೆನಾ ಹುಟ್ಟಿದ್ದು 1960ರ ಜೂನ್ 1ರಂದು, ಮಾಸ್ಕೋದಲ್ಲಿ. ಐದು ವರ್ಷದ ಮಗುವಾಗಿದ್ದಾಗಲೇ ತಾಯಿ ತೀರಿಕೊಂಡರು. ಸಾಕಿದ್ದು ಅಜ್ಜಿ, ಅನ್ನಾ ಇವಾನೊವ್ನಾ. ಈ ಅಜ್ಜಿಯ ಹೆಸರು ನೆನಪಿಟ್ಟುಕೊಳ್ಳಿ, ಕಥೆಯ ಕೊನೆಯಲ್ಲಿ ಮತ್ತೆ ಬರುತ್ತಾರೆ. ಆಗಿನ ಸೋವಿಯತ್ ಹುಡುಗಿಯರಿಗೆ ಫಿಗರ್ ಸ್ಕೇಟಿಂಗ್ ಅಂದರೆ ಹುಚ್ಚು, ನಮ್ಮಲ್ಲಿ ಹುಡುಗರಿಗೆ ಕ್ರಿಕೆಟ್ ಇದ್ದ ಹಾಗೆ. ಎಲೆನಾಗೂ ಸ್ಕೇಟಿಂಗ್, ಜಿಮ್ನಾಸ್ಟಿಕ್ಸ್ ಎರಡರ ಆಸೆಯೂ ಇತ್ತು. ಒಂದು ದಿನ ಶಾಲೆಯ ಕ್ಲಾಸಿಗೆ ಯಾರೋ ಅಪರಿಚಿತ ಹೆಂಗಸು ಬಂದು ಜಿಮ್ನಾಸ್ಟಿಕ್ಸ್ ಕಲಿಯುವ ಆಸೆ ಯಾರಿಗಿದೆ ಅಂತ ಕೇಳಿದರಂತೆ. ಖುಷಿಗೆ ಕೂಗಿಕೊಳ್ಳುವುದೊಂದು ಬಾಕಿ ಇತ್ತು ಅಂತ ಆಕೆ ಮುಂದೆ ನೆನಪು ಮಾಡಿಕೊಂಡಿದ್ದಾಳೆ. ಹಾಗೆ ಕೈ ಎತ್ತಿದವಳು ಸೋವಿಯತ್ ಕ್ರೀಡಾ ವ್ಯವಸ್ಥೆಯ ಒಳಗೆ ಹೋದಳು.

ಆ ವ್ಯವಸ್ಥೆ ಹೇಗಿತ್ತು ಅಂತ ಸ್ವಲ್ಪ ಹೇಳದಿದ್ದರೆ ಮುಂದಿನದು ಅರ್ಥವಾಗಲ್ಲ. ಸೋವಿಯತ್ ಒಕ್ಕೂಟ ಒಲಿಂಪಿಕ್ಸಿಗೆ ಮೊದಲ ಸಲ ಬಂದದ್ದು 1952ರಲ್ಲಿ, ಹೆಲ್ಸಿಂಕಿಗೆ. ಬಂದ ವರ್ಷವೇ ಅದರ ಮಹಿಳಾ ಜಿಮ್ನಾಸ್ಟಿಕ್ಸ್ ತಂಡ ಚಿನ್ನ ಗೆದ್ದಿತು. ಅಲ್ಲಿಂದ 1976ರ ಮಾಂಟ್ರಿಯಲ್ ತನಕ ಏಳು ಒಲಿಂಪಿಕ್ಸ್, ಏಳು ತಂಡ ಚಿನ್ನ. ಒಂದನ್ನೂ ಬಿಟ್ಟುಕೊಟ್ಟಿಲ್ಲ. ಬೇರೆ ಯಾವ ಆಟದಲ್ಲಾದರೂ ಬೆಳ್ಳಿ ಬಂದರೆ ಅದು ಬೆಳ್ಳಿ. ಇಲ್ಲಿ ಬೆಳ್ಳಿ ಬಂದರೆ ಅದು ಫೇಲು. ತಂಡಕ್ಕೆ ಆಯ್ಕೆಯಾಗುವ ಆರು ಹುಡುಗಿಯರ ಹಿಂದೆ ದೇಶದ ತುಂಬ ಕ್ರೀಡಾ ಶಾಲೆಗಳು, ಕ್ಲಬ್ಬುಗಳು, ಸಾವಿರಾರು ಮಕ್ಕಳು. ಎಲೆನಾ ಸೇರಿದ್ದು ಸೈನ್ಯದ ಕ್ಲಬ್ಬಾದ ಸಿಎಸ್‌ಕೆಎಗೆ.

ಹದಿನಾಲ್ಕನೇ ವಯಸ್ಸಿನ ಸುಮಾರಿಗೆ ಆಕೆಗೆ ಸಿಕ್ಕ ಕೋಚ್ ಮಿಖಾಯಿಲ್ ಕ್ಲಿಮೆಂಕೊ. ಈತ ಅಲ್ಲಿಯವರೆಗೆ ಕಲಿಸುತ್ತಿದ್ದದ್ದು ಗಂಡಸರಿಗೆ. ಆತನ ತಮ್ಮ ವಿಕ್ಟರ್ ಕ್ಲಿಮೆಂಕೊ 1972ರ ಮ್ಯೂನಿಕ್‌ನಲ್ಲಿ ಪಾಮೆಲ್ ಹಾರ್ಸ್ ಚಿನ್ನ ಗೆದ್ದವನು. ಕ್ಲಿಮೆಂಕೊ ಕೈಗೆ ಬರುವಾಗ ಎಲೆನಾ ಏನೂ ದೊಡ್ಡ ಹೆಸರಲ್ಲ. ಮಾತು ಕಡಿಮೆ, ಹೇಳಿದ್ದನ್ನು ಹೇಳಿದ ಹಾಗೆ ಮಾಡುವ ಹುಡುಗಿ. ಕ್ಲಿಮೆಂಕೊ ಮಾಡಿದ ಲೆಕ್ಕ ಸರಳ: ಗಂಡಸರ ಜಿಮ್ನಾಸ್ಟಿಕ್ಸ್‌ನಲ್ಲಿರುವ ಕಷ್ಟದ ಲಾಗಗಳನ್ನು ಹೆಂಗಸರ ಕಡೆಗೆ ತಂದರೆ, ಎದುರಾಳಿಗಳ ಹತ್ತಿರ ಅದಕ್ಕೆ ಉತ್ತರ ಇರುವುದಿಲ್ಲ.

ಆ ಲೆಕ್ಕಕ್ಕೆ ತುರ್ತು ಬಂದದ್ದು 1976ರಲ್ಲಿ. ಮಾಂಟ್ರಿಯಲ್‌ನಲ್ಲಿ ರೊಮೇನಿಯಾದ ಹದಿನಾಲ್ಕು ವರ್ಷದ ನಾದಿಯಾ ಕೊಮನೆಚಿ ಹತ್ತಕ್ಕೆ ಹತ್ತು ತೆಗೆದಳು. ಸ್ಕೋರ್‌ಬೋರ್ಡಿನಲ್ಲಿ ಹತ್ತು ತೋರಿಸುವುದಕ್ಕೆ ಜಾಗವೇ ಇಲ್ಲದೆ 1.00 ಅಂತ ಬಂತು ಅನ್ನುವ ಕಥೆ ನಿಮಗೂ ಗೊತ್ತಿರಬೇಕು. (ಡಿಸ್‌ಪ್ಲೇಗೆ ಎಷ್ಟು ಡಿಜಿಟ್ ಬೇಕು ಅಂತ ಮೊದಲೇ ಕೇಳಿಕೊಳ್ಳಿ ಅನ್ನುವುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ಇಲ್ಲ.) ತಂಡ ಚಿನ್ನ ಸೋವಿಯತ್ ಪಾಲಿಗೇ ಉಳಿಯಿತು, ಆದರೆ ವೈಯಕ್ತಿಕ ಆಲ್‌ರೌಂಡ್ ಹೋಯಿತು. ಒಲಿಂಪಿಕ್ಸ್‌ನಲ್ಲಿ ಹದಿನೆಂಟು ಪದಕ ಗೆದ್ದು ಆಮೇಲೆ ಸೋವಿಯತ್ ತಂಡದ ಮುಖ್ಯ ಕೋಚ್ ಆಗಿದ್ದ ಲರೀಸಾ ಲತಿನಿನಾ ಅವರನ್ನೇ ಮೇಲಿನವರು ದೂರಿದರು, 1977ರಲ್ಲಿ ಅವರು ಆ ಕೆಲಸ ಬಿಟ್ಟರು. ನಾದಿಯಾ ರೊಮೇನಿಯಾದಲ್ಲಿ ಹುಟ್ಟಿದ್ದು ಅವರ ತಪ್ಪಲ್ಲ ಅಂತ ನಮಗೆ ಅನ್ನಿಸುತ್ತೆ. ಆದರೆ ಮುಂದಿನ ಒಲಿಂಪಿಕ್ಸ್ ಮಾಸ್ಕೋದಲ್ಲೇ ಇತ್ತು, 1980ರಲ್ಲಿ. ಸ್ವಂತ ಊರಿನಲ್ಲಿ ಸೋಲುವ ಹಾಗಿರಲಿಲ್ಲ.

ಇಷ್ಟರಲ್ಲಿ ಎಲೆನಾಗೆ ಒಂದು ಸಲ ಕುತ್ತಿಗೆಗೆ ಪೆಟ್ಟು ಬಿದ್ದಾಗಿತ್ತು. 1975ರಲ್ಲಿ, ಲೆನಿನ್‌ಗ್ರಾಡ್‌ನಲ್ಲಿ, ತಲೆ ಮೊದಲಾಗಿ ಬಿದ್ದು ಕುತ್ತಿಗೆಯ ಮೂಳೆಗೆ ಏಟಾಯಿತು. ಆಸ್ಪತ್ರೆಯಲ್ಲಿದ್ದವಳನ್ನು ಕೋಚ್ ಅಲ್ಲಿಂದಲೇ ಜಿಮ್‌ಗೆ ಕರೆದುಕೊಂಡು ಹೋಗುತ್ತಿದ್ದ, ಅಲ್ಲಿ ಕುತ್ತಿಗೆಯ ಪಟ್ಟಿ ಬಿಚ್ಚಿಟ್ಟು ಅಭ್ಯಾಸ ಮಾಡುತ್ತಿದ್ದಳು ಅಂತ ಓದಿದಾಗ ನಾವು ಒಂದು ಕ್ಷಣ ಪುಟ ಮುಚ್ಚಿಟ್ಟೆವು. ಅದೇ ಕುತ್ತಿಗೆ.

1977ರಲ್ಲಿ ಪ್ರಾಗ್‌ನಲ್ಲಿ ಯುರೋಪಿಯನ್ ಚಾಂಪಿಯನ್‌ಶಿಪ್. ಆಲ್‌ರೌಂಡ್‌ನಲ್ಲಿ ನಾದಿಯಾ ಮೊದಲು, ಎಲೆನಾ ಎರಡನೆಯವಳು. ಆದರೆ ಒಂದೊಂದೇ ಉಪಕರಣದ ಫೈನಲ್‌ಗಳಲ್ಲಿ ಬಾರ್ಸ್, ಬೀಮ್, ಫ್ಲೋರ್ ಮೂರರಲ್ಲೂ ಚಿನ್ನ. ಹೆಸರೇ ಕೇಳದಿದ್ದ ಹುಡುಗಿ ಒಂದೇ ವಾರದಲ್ಲಿ ಎಲ್ಲರಿಗೂ ಗೊತ್ತಾದಳು. ಆಕೆಯ ಬಾರ್ಸ್ ಕಸರತ್ತು ಈಗಲೂ ವಿಡಿಯೋದಲ್ಲಿ ಸಿಗುತ್ತದೆ. 1972ರಲ್ಲಿ ಓಲ್ಗಾ ಕೊರ್ಬುಟ್ ಮೇಲಿನ ಬಾರ್ ಮೇಲೆ ನಿಂತು ಹಿಂದಕ್ಕೆ ಹಾರಿ ಅದೇ ಬಾರನ್ನು ಮತ್ತೆ ಹಿಡಿದದ್ದು ಪ್ರಪಂಚವೇ ಬಾಯಿ ಬಿಟ್ಟು ನೋಡಿದ ಚಮತ್ಕಾರ. ಎಲೆನಾ ಅದೇ ಹಾರುವಿಕೆಯ ನಡುವೆ ಒಂದು ಪೂರ್ತಿ ತಿರುವು ಸೇರಿಸಿದಳು. ಅಂದರೆ ಬಾರ್ ಕಣ್ಣಿಗೆ ಕಾಣದೆ, ತಿರುಗಿ ಬಂದು, ಕೈ ಚಾಚಿದಾಗ ಅದು ಅಲ್ಲೇ ಇರಬೇಕು. ಈಗಿನ ನಿಯಮದಲ್ಲಿ ಹಾಗೆ ಬಾರ್ ಮೇಲೆ ನಿಂತು ಹಾರುವುದಕ್ಕೆ ಅವಕಾಶ ಇಲ್ಲ.

ಮರುವರ್ಷ, 1978ರ ಅಕ್ಟೋಬರ್‌ನಲ್ಲಿ, ಫ್ರಾನ್ಸಿನ ಸ್ಟ್ರಾಸ್‌ಬರ್ಗ್‌ನಲ್ಲಿ ವಿಶ್ವ ಚಾಂಪಿಯನ್‌ಶಿಪ್. ಸೋವಿಯತ್ ತಂಡದಲ್ಲಿ ಎಲೆನಾ ಜೊತೆಗೆ ನೆಲ್ಲಿ ಕಿಮ್, ನತಾಲಿಯಾ ಶಪೋಷ್ನಿಕೋವಾ, ಮರಿಯಾ ಫಿಲಾತೋವಾ ಇದ್ದರು. ತಂಡ ಚಿನ್ನ ಸೋವಿಯತ್‌ಗೆ, ಬೆಳ್ಳಿ ರೊಮೇನಿಯಾಗೆ. ಆಲ್‌ರೌಂಡ್‌ನಲ್ಲಿ ಮೊದಲ ಮೂರು ಸ್ಥಾನವೂ ಸೋವಿಯತ್‌ನದೇ: ಮುಖಿನಾ, ಕಿಮ್, ಶಪೋಷ್ನಿಕೋವಾ. ನಾದಿಯಾ ನಾಲ್ಕನೆಯವಳು. ಫ್ಲೋರ್‌ನಲ್ಲಿ ಎಲೆನಾ ಮತ್ತು ಕಿಮ್ ಚಿನ್ನ ಹಂಚಿಕೊಂಡರು. ಬಾರ್ಸ್, ಬೀಮ್ ಎರಡರಲ್ಲೂ ಎಲೆನಾಗೆ ಬೆಳ್ಳಿ. ಫ್ಲೋರ್ ಮೇಲೆ ಆಕೆ ಹಾಕಿದ ಒಂದು ಲಾಗ, ಮೊಣಕಾಲು ಎದೆಗೆ ಮಡಚಿ ಹಿಂದಕ್ಕೆ ಎರಡು ಸುತ್ತು, ಅದರ ಜೊತೆಯಲ್ಲೇ ಒಂದು ಪೂರ್ತಿ ತಿರುವು, ನಿಯಮ ಪುಸ್ತಕದಲ್ಲಿ ಆಕೆಯ ಹೆಸರಿನಲ್ಲೇ ಇದೆ. ಆಗ ಆಕೆಗೆ ಹದಿನೆಂಟು.

ಅದೇ ಸ್ಟ್ರಾಸ್‌ಬರ್ಗ್‌ನಲ್ಲಿ, ಗಂಡಸರ ಫ್ಲೋರ್ ಚಿನ್ನ ಗೆದ್ದವನು ಅಮೆರಿಕದ ಕರ್ಟ್ ಥಾಮಸ್. ಅವನ ಹೆಸರಿನಲ್ಲೂ ಒಂದು ಲಾಗ ಇದೆ. ಅದನ್ನು ಥಾಮಸ್ ಸಾಲ್ಟೋ ಅನ್ನುತ್ತಾರೆ. ನೆಲದಿಂದ ಹಿಂದಕ್ಕೆ ಹಾರಿ, ಒಂದೂವರೆ ಲಾಗ, ಅದರೊಳಗೆ ಒಂದೂವರೆ ತಿರುವು. ಲೆಕ್ಕ ನೋಡಿ. ಒಂದು ಲಾಗ ಅಂದರೆ ಕಾಲ ಮೇಲೆ ಬಂದು ನಿಲ್ಲುತ್ತೀರಿ. ಎರಡು ಲಾಗ ಅಂದರೂ ಕಾಲ ಮೇಲೇ. ಒಂದೂವರೆ ಅಂದರೆ? ತಲೆ ಕೆಳಗೆ. ಹೌದು, ಈ ಲಾಗದಲ್ಲಿ ನೆಲಕ್ಕೆ ಮೊದಲು ಬರುವುದು ಕಾಲಲ್ಲ. ಕೈ ಊರಿ, ಗದ್ದ ಎದೆಗೆ ಒತ್ತಿ, ಬೆನ್ನಿನ ಮೇಲ್ಭಾಗದ ಮೇಲೆ ಉರುಳಿಕೊಂಡು ಎದ್ದು ನಿಲ್ಲಬೇಕು. ನೋಡಲು ನೀರು ಹರಿದ ಹಾಗೆ ಚೆನ್ನಾಗಿರುತ್ತದೆ. ಕ್ಲಿಮೆಂಕೊ ಕಣ್ಣು ಇದರ ಮೇಲೆ ಬಿತ್ತು.

1979ರ ಶರತ್ಕಾಲದಲ್ಲಿ ಎಲೆನಾಳ ಕಾಲು ಮುರಿಯಿತು. ಆ ವರ್ಷದ ಡಿಸೆಂಬರ್‌ನಲ್ಲಿ ಅಮೆರಿಕದ ಫೋರ್ಟ್ ವರ್ತ್‌ನಲ್ಲಿ ನಡೆದ ವಿಶ್ವ ಚಾಂಪಿಯನ್‌ಶಿಪ್ ತಪ್ಪಿಹೋಯಿತು. ಅಲ್ಲಿ ಆಗಬಾರದ್ದು ಆಯಿತು: ತಂಡ ಚಿನ್ನ ರೊಮೇನಿಯಾಗೆ ಹೋಯಿತು. ಮಾಸ್ಕೋ ಒಲಿಂಪಿಕ್ಸಿಗೆ ಇನ್ನು ಏಳೇ ತಿಂಗಳು. ಇದಾದ ಮೇಲೆ ಮುಖಿನಾ ತಂಡದಲ್ಲಿ ಇರಲೇಬೇಕು ಅನ್ನುವ ಒತ್ತಾಯ ಎಷ್ಟು ಇದ್ದಿರಬೇಕು ಅಂತ ಊಹಿಸಿಕೊಳ್ಳಿ. ಕಾಲಿನ ಪ್ಲಾಸ್ಟರ್ ಬೇಗ ತೆಗೆದರು. ಮೂಳೆ ಕೂಡಿರಲಿಲ್ಲ. ಆಕೆಗೇ ಅದು ಗೊತ್ತಾಗುತ್ತಿತ್ತು, ಹೇಳಿದಳು ಕೂಡ. ಮತ್ತೆ ಎಕ್ಸ್‌ರೇ, ಮತ್ತೆ ಶಸ್ತ್ರಚಿಕಿತ್ಸೆ. ಪ್ಲಾಸ್ಟರ್ ಇದ್ದಾಗಲೇ ಮತ್ತೆ ಜಿಮ್. ತೂಕ ಇಳಿಸಬೇಕು, ಕಳೆದುಹೋದ ತಿಂಗಳುಗಳನ್ನು ವಾರಗಳಲ್ಲಿ ತುಂಬಬೇಕು. ಇದೆಲ್ಲದರ ಮೇಲೆ ಕಾರ್ಯಕ್ರಮಕ್ಕೆ ಹೊಸದಾಗಿ ಥಾಮಸ್ ಸಾಲ್ಟೋ ಬೇರೆ.

ಇಲ್ಲಿ ಸ್ವಲ್ಪ ನಿಲ್ಲೋಣ. ನಾವು ಎಂಜಿನಿಯರಿಂಗ್ ವಿದ್ಯಾರ್ಥಿಗಳು, ಇದನ್ನು ಬರೀ ಅಯ್ಯೋ ಪಾಪ ಅಂತ ಓದಿ ಬಿಡುವ ಹಾಗಿಲ್ಲ. ಒಂದು ಸರಳ ಲೆಕ್ಕ ಮಾಡಿ ನೋಡಿದೆವು. ಇದು ನಮ್ಮ ಉದಾಹರಣೆಯ ಅಂಕಿ, ಯಾರೂ ಅಳತೆ ಮಾಡಿದ್ದಲ್ಲ. ಒಬ್ಬ ಜಿಮ್ನಾಸ್ಟ್ ನೆಲವನ್ನು ಬಿಡುವಾಗ ಮೇಲ್ಮುಖ ವೇಗ ಸೆಕೆಂಡಿಗೆ 4.5 ಮೀಟರ್ ಅಂತ ಇಟ್ಟುಕೊಳ್ಳಿ. ಗಾಳಿಯಲ್ಲಿರುವ ಕಾಲ ಎರಡು ಪಟ್ಟು ವೇಗವನ್ನು ಗುರುತ್ವದಿಂದ ಭಾಗಿಸಿದಷ್ಟು, ಅಂದರೆ ಸುಮಾರು 0.92 ಸೆಕೆಂಡು. ಅಷ್ಟರಲ್ಲಿ 540 ಡಿಗ್ರಿ ಸುತ್ತಬೇಕು. ಈಗ ಮುರಿದು ಕೂಡಿದ ಕಾಲು ಶೇಕಡಾ 10ರಷ್ಟು ಕಡಿಮೆ ತಳ್ಳಿತು ಅನ್ನಿ. ವೇಗ 4.05, ಕಾಲ ಸುಮಾರು 0.83 ಸೆಕೆಂಡು. ಸುತ್ತುವ ವೇಗ ಹಾಗೇ ಇದ್ದರೂ 54 ಡಿಗ್ರಿ ಕೊರತೆ. ಆದರೆ ಸುತ್ತುವ ವೇಗ ಹಾಗೇ ಇರುವುದಿಲ್ಲ, ಅದೂ ಅದೇ ಕಾಲಿನ ತಳ್ಳುವಿಕೆಯಿಂದ ಬಂದದ್ದು ತಾನೆ? ಅದೂ ಶೇಕಡಾ 10 ಇಳಿದರೆ 540ರಲ್ಲಿ ಸಿಗುವುದು ಸುಮಾರು 437. ನೂರು ಡಿಗ್ರಿಗಿಂತ ಹೆಚ್ಚು ಕೊರತೆ. ಬೆನ್ನಿನ ಮೇಲೆ ಉರುಳಬೇಕಾದವಳು ಇನ್ನೂ ಅಡ್ಡಡ್ಡ, ಮುಖ ನೆಲಕ್ಕಾಗಿ ಇದ್ದಾಳೆ.

ಮಾಮೂಲಿ ಲಾಗದಲ್ಲೂ ಇಂಥ ಕೊರತೆ ಆಗುತ್ತದೆ. ಆದರೆ ಅಲ್ಲಿ ಕೆಳಗೆ ಬರುವುದು ಕಾಲು. ಹಿಮ್ಮಡಿ, ಮೊಣಕಾಲು, ಸೊಂಟ, ಇವೆಲ್ಲ ಸೇರಿ ಒಂದು ಒಳ್ಳೆಯ ಶಾಕ್ ಅಬ್ಸಾರ್ಬರ್. ಮುಗ್ಗರಿಸಬಹುದು, ಮಂಡಿ ಊರಬಹುದು, ಹಿಮ್ಮಡಿ ಮುರಿಯಬಹುದು. ಥಾಮಸ್ ಸಾಲ್ಟೋದಲ್ಲಿ ಆ ಜಾಗದಲ್ಲಿರುವುದು ಕುತ್ತಿಗೆ, ಏಳು ಸಣ್ಣ ಮೂಳೆ. ಇನ್ನೊಂದು ವಿಷಯ: ನೆಲ ಬಿಟ್ಟ ಮೇಲೆ ಕೋನೀಯ ಸಂವೇಗ ಬದಲಾಗುವುದಿಲ್ಲ. ನಮ್ಮ ಐದು ಮಾರ್ಕಿನ ಉತ್ತರ. ಇನ್ನಷ್ಟು ಮುದುಡಿಕೊಂಡು ಜೋರಾಗಿ ತಿರುಗಬಹುದು ಅಷ್ಟೆ, ಆದರೆ ಕೊರತೆ ಇದೆ ಅಂತ ಗೊತ್ತಾಗಬೇಕಲ್ಲ? ತಿರುವಿನ ನಡುವೆ ನೆಲವೇ ಸರಿಯಾಗಿ ಕಾಣುವುದಿಲ್ಲ. ಮೆತ್ತನೆಯ ಫೋಮ್ ಹೊಂಡದಲ್ಲಿ ಅಭ್ಯಾಸ ಮಾಡಿದರೆ ನೂರು ಸಲ ತಪ್ಪಿದರೂ ಏನೂ ಆಗುವುದಿಲ್ಲ, ಹಾಗಾಗಿ ಎಷ್ಟು ತಪ್ಪಿದೆ ಅಂತಲೂ ಗೊತ್ತಾಗುವುದಿಲ್ಲ. ಫ್ಯಾಕ್ಟರ್ ಆಫ್ ಸೇಫ್ಟಿ ಅಂತ ನಾವು ಓದುತ್ತೇವಲ್ಲ, ಒಂದು ಬೋಲ್ಟಿಗೂ ಅದನ್ನು ಬರೆದಿಡುತ್ತೇವೆ.

ಎಲೆನಾ ಈ ಲೆಕ್ಕ ಹಾಕಿರಲಿಲ್ಲ. ಆದರೆ ಮೈಗೆ ಗೊತ್ತಿತ್ತು. ಈ ಲಾಗ ನನ್ನ ಕುತ್ತಿಗೆ ಮುರಿಯುತ್ತದೆ ಅಂತ ಕೋಚ್‌ಗೆ ಹಲವು ಸಲ ಹೇಳಿದಳು. ನಿನ್ನಂಥವರ ಕುತ್ತಿಗೆ ಮುರಿಯುವುದಿಲ್ಲ ಅನ್ನುವ ಅರ್ಥದಲ್ಲಿ ಆತ ನಕ್ಕು ಹಾರಿಸಿಬಿಡುತ್ತಿದ್ದ. ಆಕೆಯೂ ಮಾಡುವುದಿಲ್ಲ ಅಂತ ಕಾಲೂರಿ ನಿಲ್ಲಲಿಲ್ಲ. ಈ ಮಾತನ್ನು ಆಕೆಯೇ ಮುಂದೆ ತನ್ನ ಮೇಲೆ ಹಾಕಿಕೊಂಡಳು. ತನ್ನ ಮೇಲೆ ಇಟ್ಟ ನಂಬಿಕೆ ಉಳಿಸಿಕೊಳ್ಳಬೇಕು, ಧೀರೆ ಅನ್ನಿಸಿಕೊಳ್ಳಬೇಕು ಅಂತ ಇತ್ತು, ದಡ್ಡಿಯಾಗಿದ್ದೆ ಅಂತ. ನಮಗೆ ಇದು ಒಪ್ಪಿಗೆಯಾಗಲಿಲ್ಲ. ಅಜ್ಜಿಯೊಬ್ಬರನ್ನು ಬಿಟ್ಟರೆ ಯಾರೂ ಇಲ್ಲದ ಇಪ್ಪತ್ತು ವರ್ಷದ ಹುಡುಗಿ, ಹದಿನಾಲ್ಕರಿಂದ ಒಬ್ಬನೇ ಕೋಚ್, ಮನೆ ಮಠ ಊಟ ಪದಕ ಎಲ್ಲವೂ ಒಂದೇ ವ್ಯವಸ್ಥೆಯ ಕೈಯಲ್ಲಿ. ಅಲ್ಲಿ ಇಲ್ಲ ಅನ್ನುವುದಕ್ಕೆ ಯಾರ ಮುಂದೆ ಹೋಗಬೇಕಿತ್ತು? ಲ್ಯಾಬ್‌ನಲ್ಲಿ ವಯರ್ ಬಿಸಿಯಾಗಿದೆ ಅಂತ ಹೇಳುವುದಕ್ಕೇ ನಾವು ಎರಡು ಸಲ ಯೋಚನೆ ಮಾಡುತ್ತೇವೆ, ಹೌದೋ ಅಲ್ವೋ?

1980ರ ಜುಲೈ ಮೊದಲ ವಾರ. ಸೋವಿಯತ್ ತಂಡದ ಶಿಬಿರ ಮಿನ್ಸ್ಕ್‌ನಲ್ಲಿ ನಡೆಯುತ್ತಿತ್ತು. ಆರು ಜನರ ಪಟ್ಟಿ ಇನ್ನೂ ಅಂತಿಮವಾಗಿರಲಿಲ್ಲ. ಕ್ಲಿಮೆಂಕೊ ಆ ದಿನ ಅಲ್ಲಿರಲಿಲ್ಲ, ಮಾಸ್ಕೋಗೆ ಹೋಗಿದ್ದ. ಜುಲೈ 3ರಂದು ಅಭ್ಯಾಸದಲ್ಲಿ ಎಲೆನಾ ಥಾಮಸ್ ಸಾಲ್ಟೋ ಹಾಕಿದಳು. ಎತ್ತರ ಸಾಲಲಿಲ್ಲ, ಸುತ್ತು ಪೂರ್ತಿಯಾಗಲಿಲ್ಲ. ಗದ್ದ ನೆಲಕ್ಕೆ ಬಡಿಯಿತು. ಕುತ್ತಿಗೆ ಮುರಿಯಿತು. ಒಲಿಂಪಿಕ್ಸ್ ಶುರುವಾಗುವುದಕ್ಕೆ ಹದಿನಾರು ದಿನ ಇತ್ತು.

ನೆಲದ ಮೇಲೆ ಬಿದ್ದಿದ್ದಾಗ ಆಕೆಗೆ ಬಂದ ಮೊದಲ ಯೋಚನೆ ಏನು ಅಂತ ಆಕೆಯೇ ವರ್ಷಗಳ ನಂತರ ಹೇಳಿದಳು. ಸದ್ಯ, ಇನ್ನು ಒಲಿಂಪಿಕ್ಸಿಗೆ ಹೋಗಬೇಕಾಗಿಲ್ಲವಲ್ಲ ಅಂತ. ಇದನ್ನು ಓದಿದ ರಾತ್ರಿ ನಮ್ಮಲ್ಲಿ ಯಾರೂ ಹೆಚ್ಚು ಮಾತಾಡಲಿಲ್ಲ.

ಕುತ್ತಿಗೆಯಿಂದ ಕೆಳಗೆ ಮೈ ಸ್ವಾಧೀನ ತಪ್ಪಿತು. ಜುಲೈ 19ರಂದು ಮಾಸ್ಕೋದಲ್ಲಿ ಒಲಿಂಪಿಕ್ಸ್ ಶುರುವಾಯಿತು. ಅಫ್ಘಾನಿಸ್ತಾನದ ವಿಚಾರಕ್ಕೆ ಅಮೆರಿಕ ಮತ್ತು ಇನ್ನೂ ಹಲವು ದೇಶಗಳು ಬಹಿಷ್ಕಾರ ಹಾಕಿದ್ದರಿಂದ ಕರ್ಟ್ ಥಾಮಸ್ ಕೂಡ ಬರಲಿಲ್ಲ. ಲಾಗಕ್ಕೆ ಹೆಸರು ಕೊಟ್ಟವನೂ ಇಲ್ಲ, ಅದನ್ನು ಹೆಂಗಸರಲ್ಲಿ ಮಾಡಿ ತೋರಿಸಬೇಕಾಗಿದ್ದವಳೂ ಇಲ್ಲ. ಸೋವಿಯತ್ ತಂಡ ಕಿಮ್, ಶಪೋಷ್ನಿಕೋವಾ, ಫಿಲಾತೋವಾ, ಎಲೆನಾ ದವಿದೋವಾ, ಸ್ಟೆಲ್ಲಾ ಜಖರೋವಾ, ಎಲೆನಾ ನೈಮುಶಿನಾ ಇವರೊಂದಿಗೆ ಕಣಕ್ಕಿಳಿದು ಎಂಟನೇ ಸಲ ಚಿನ್ನ ಗೆದ್ದಿತು. ಆಲ್‌ರೌಂಡ್ ಚಿನ್ನ ದವಿದೋವಾಗೆ, ಬೆಳ್ಳಿಯನ್ನು ನಾದಿಯಾ ಮತ್ತು ಪೂರ್ವ ಜರ್ಮನಿಯ ಮ್ಯಾಕ್ಸಿ ಗ್ನೌಕ್ ಹಂಚಿಕೊಂಡರು. ಅಂದರೆ ನಮಗೆ ಕಾಣುವ ಹಾಗೆ, ಆ ಲಾಗ ಬೇಕೇ ಇರಲಿಲ್ಲ. ಅದಿಲ್ಲದೆಯೂ ತಂಡ ಗೆದ್ದಿತು.

ವಿಶ್ವ ಚಾಂಪಿಯನ್ ಎಲ್ಲಿ ಅಂತ ಕೇಳಿದವರಿಗೆ ಸರಿಯಾದ ಉತ್ತರ ಸಿಗಲಿಲ್ಲ. ಗಾಯವಾಗಿದೆ ಅಂತ ಮೇಲಿಂದ ಮೇಲೆ ಹೇಳಿ ಮುಗಿಸಿದರು. ಎಷ್ಟು ಗಾಯ, ಹೇಗೆ, ಯಾವ ಲಾಗ, ಇದಾವುದೂ ವರ್ಷಗಟ್ಟಲೆ ಹೊರಗೆ ಬರಲಿಲ್ಲ. ಗೊತ್ತಿಲ್ಲದ ಅಭಿಮಾನಿಗಳು ಯಾವಾಗ ಮತ್ತೆ ಆಡುತ್ತೀರಿ ಅಂತ ಕಾಗದ ಬರೆಯುತ್ತಿದ್ದರಂತೆ. ಮೂಳೆ ಮುರಿದುಕೊಂಡವರೂ ಮತ್ತೆ ಮೈದಾನಕ್ಕೆ ಬರುತ್ತಾರೆ ಅನ್ನುವ ವೀರಕಥೆಗಳನ್ನೇ ಓದಿಕೊಂಡು ಬೆಳೆದವರು, ಅವರಿಗೆ ಬೇರೆ ಏನು ಹೊಳೆಯಬೇಕು. ಆಕೆಗೆ ಅದು ತುಂಬ ನೋವು ಕೊಟ್ಟಿತು. ಸರ್ಕಾರ ಒಂದು ಗೌರವ ಕೊಟ್ಟಿತು. ಅಂತರರಾಷ್ಟ್ರೀಯ ಒಲಿಂಪಿಕ್ ಸಮಿತಿಯ ಅಧ್ಯಕ್ಷ ಸಮರಾಂಚ್ ಕಡೆಯಿಂದ ಒಲಿಂಪಿಕ್ ಆರ್ಡರ್ ಬಂತು. ಕ್ಲಿಮೆಂಕೊ ಮುಂದೆ ದೇಶ ಬಿಟ್ಟು ಇಟಲಿಗೆ ಹೋದ.

ಎಲೆನಾ ಮಾಸ್ಕೋದ ಫ್ಲ್ಯಾಟ್‌ನಲ್ಲಿ ಉಳಿದಳು, ಜೊತೆಗೆ ಅಜ್ಜಿ. ಅಮ್ಮ ಇಲ್ಲದ ಮಗುವನ್ನು ಎತ್ತಿ ಆಡಿಸಿದ ಅನ್ನಾ ಇವಾನೊವ್ನಾ ಈಗ ಮತ್ತೆ ಊಟ ಮಾಡಿಸುವುದರಿಂದ ಶುರು ಮಾಡಬೇಕಾಯಿತು. ಪದಕ ಗೆದ್ದ ನಾಲ್ಕು ವರ್ಷದ ಬಗ್ಗೆ ನಾವು ಇಷ್ಟು ಉದ್ದ ಬರೆದೆವು. ಈ ಹಾಸಿಗೆಯ ಬದುಕು ಇಪ್ಪತ್ತಾರು ವರ್ಷ ನಡೆಯಿತು, ಅದರ ಬಗ್ಗೆ ಬರೆಯುವುದಕ್ಕೆ ನಮಗೆ ಸಿಕ್ಕಿರುವುದು ಕೆಲವೇ ಸಾಲು. ಅಷ್ಟು ವರ್ಷ ಯಾರಿಗೂ ಕಾಣದೆ ನಡೆದ ಕೆಲಸ ಎಂದರೆ ಆ ಅಜ್ಜಿಯದು.

1980ರ ದಶಕದ ಕೊನೆಗೆ ಗೊರ್ಬಚೆವ್ ಕಾಲ ಬಂದು ಪತ್ರಿಕೆಗಳ ಬಾಯಿ ಸ್ವಲ್ಪ ಬಿಚ್ಚಿತು. 1988ರಲ್ಲಿ ಒಗೊನ್ಯೋಕ್ ಅನ್ನುವ ಜನಪ್ರಿಯ ವಾರಪತ್ರಿಕೆಯಲ್ಲಿ ಎಲೆನಾ ಮಾತಾಡಿದಳು. ಬರೀ ಕೋಚ್‌ನನ್ನು ಬೈದು ಮುಗಿಸಲಿಲ್ಲ. ಮನುಷ್ಯನ ಮೈಗಿಂತ ಪದಕ ದೊಡ್ಡದು ಅಂತ ತಿಳಿದ ಇಡೀ ವ್ಯವಸ್ಥೆಯನ್ನು ಹೆಸರಿಸಿದಳು, ಇಲ್ಲ ಅನ್ನಲು ಬಾರದ ತನ್ನನ್ನೂ ಸೇರಿಸಿ. ಅಲ್ಲಿಯವರೆಗೆ ಗುಸುಗುಸು ಆಗಿದ್ದದ್ದು ಮೊದಲ ಸಲ ಅಚ್ಚಿನಲ್ಲಿ ಬಂತು. ಮೈ ಅಲ್ಲಾಡದಿದ್ದರೂ ಮಾತು ನೆಟ್ಟಗಿತ್ತು. ನಾವು ಓದಿದ ಮಟ್ಟಿಗೆ ಆಕೆಯ ಮಾತಿನಲ್ಲಿ ಅಳು ಇಲ್ಲ, ಸಿಟ್ಟೂ ಕಡಿಮೆ. ಅಪಘಾತದ ವರದಿ ಬರೆಯುವ ಒಳ್ಳೆಯ ಎಂಜಿನಿಯರ್ ಹೇಗೆ ಬರೆಯಬೇಕೋ ಹಾಗಿದೆ. ಯಾವ ಭಾಗ ಮೊದಲು ಸೋತಿತು, ಅದಕ್ಕೂ ಮುಂಚೆ ಯಾವ ಎಚ್ಚರಿಕೆಗಳು ಬಂದಿದ್ದವು, ಯಾರು ಅವನ್ನು ದಾಟಿ ಮುಂದೆ ಹೋದರು.

ಥಾಮಸ್ ಸಾಲ್ಟೋ ಮತ್ತು ಹಾಗೆ ಉರುಳಿಕೊಂಡು ಮುಗಿಯುವ ಲಾಗಗಳನ್ನು ಮಹಿಳೆಯರ ಜಿಮ್ನಾಸ್ಟಿಕ್ಸ್‌ನಲ್ಲಿ ನಿಷೇಧಿಸಿದರು. ಗಂಡಸರಲ್ಲಿ ಮಾತ್ರ ಅವು ಇನ್ನೂ ಬಹಳ ವರ್ಷ ಉಳಿದುಕೊಂಡವು, ಅಲ್ಲಿ ಬಾಗಿಲು ಮುಚ್ಚಿದ್ದು ಇತ್ತೀಚೆಗೆ. ಗಂಡಸರ ಕುತ್ತಿಗೆಯಲ್ಲೂ ಏಳೇ ಮೂಳೆ ಇರುವುದು, ಅಷ್ಟು ತಡ ಯಾಕಾಯಿತೋ.

ಇದನ್ನು ಬರೆಯುವಾಗ ನಮಗೆ ದೀಪಾ ಕರ್ಮಾಕರ್ ನೆನಪಾದದ್ದು ಸಹಜ. 2016ರ ರಿಯೋದಲ್ಲಿ ತ್ರಿಪುರಾದ ದೀಪಾ ವಾಲ್ಟ್‌ನಲ್ಲಿ ಪ್ರೊಡುನೋವಾ ಹಾರಿದಾಗ ನಾವು ಪ್ರೈಮರಿಯಲ್ಲೋ ಹೈಸ್ಕೂಲಿನಲ್ಲೋ ಇದ್ದವರು. ಸಾವಿನ ವಾಲ್ಟ್ ಅಂತ ಟಿವಿಯವರು ಹೆಮ್ಮೆಯಿಂದ ಹೇಳುತ್ತಿದ್ದರು, ನಾವೂ ಹೆಮ್ಮೆಯಿಂದ ಕೇಳಿಸಿಕೊಂಡೆವು. 0.150 ಅಂಕದಲ್ಲಿ ಕಂಚು ತಪ್ಪಿ ನಾಲ್ಕನೆಯವಳಾದಾಗ ಬೇಜಾರಾಯಿತು. ಅದೂ ಮುಂದಕ್ಕೆ ಎರಡು ಲಾಗ, ಸುತ್ತು ಹೆಚ್ಚು ಕಡಿಮೆಯಾದರೆ ತಪ್ಪು ಬೀಳುವುದು ಬೆನ್ನಿಗೆ ಅಥವಾ ಕುತ್ತಿಗೆಗೆ. ದೀಪಾ ಅದನ್ನು ಸಾವಿರಾರು ಸಲ ಅಭ್ಯಾಸ ಮಾಡಿ, ಗೊತ್ತಿದ್ದೂ ತಾನೇ ಆರಿಸಿಕೊಂಡವಳು, ಆ ವ್ಯತ್ಯಾಸ ಸಣ್ಣದಲ್ಲ. ಆದರೂ ಈಗ ಆ ವಿಡಿಯೋ ಹಾಕಿ ನೋಡಿದಾಗ ನಮ್ಮ ಕಣ್ಣು ಮೊದಲು ಹೋದದ್ದು ಆಕೆ ನೆಲಕ್ಕೆ ಬರುವ ಆ ಕೊನೆಯ ಕಾಲು ಸೆಕೆಂಡಿಗೆ.

ಅಜ್ಜಿ 2005ರಲ್ಲಿ ತೀರಿಕೊಂಡರು. ಹಳೆಯ ಜಿಮ್ನಾಸ್ಟ್ ಗೆಳತಿಯೊಬ್ಬಳು ಎಲೆನಾಳ ಮನೆಗೆ ಬಂದು ಜೊತೆಗಿದ್ದು ನೋಡಿಕೊಂಡಳು. 2006ರ ಡಿಸೆಂಬರ್ 22ರಂದು ಎಲೆನಾ ಮಾಸ್ಕೋದಲ್ಲಿ ತೀರಿಕೊಂಡಳು. ವಯಸ್ಸು ನಲವತ್ತಾರು.

ಫ್ಲೋರ್ ಮೇಲಿನ ಆಕೆಯ ಲಾಗ ಮಾತ್ರ ನಿಯಮ ಪುಸ್ತಕದಲ್ಲಿ ಇನ್ನೂ ಇದೆ. ಮುಂದಿನ ಸಲ ವಿಶ್ವ ಚಾಂಪಿಯನ್‌ಶಿಪ್ ಬಂದಾಗ ಹಾಸ್ಟೆಲಿನ ಟಿವಿಯಲ್ಲಿ ನೋಡಿ. ಯಾವಳೋ ಹದಿನಾರು ಹದಿನೇಳರ ಹುಡುಗಿ ಮೂಲೆಯಿಂದ ಓಡಿ ಬಂದು, ಮೊಣಕಾಲು ಎದೆಗೆ ಮಡಚಿ ಹಿಂದಕ್ಕೆ ಎರಡು ಸುತ್ತು, ಒಂದು ತಿರುವು ಹಾಕಿ ಇಳಿಯುತ್ತಾಳೆ. ಅದರ ಹೆಸರು ಮುಖಿನಾ. ಅದರಲ್ಲಿ ಮೊದಲು ನೆಲ ಮುಟ್ಟುವುದು ಕಾಲು.